ಉಪಗ್ರಹವೂ ಹಾವೇರಿ ಸೀಮೆಯ ಮಾತೂ

ಉಪಗ್ರಹದ ದೂರದರ್ಶನದಿಂದ ಕನ್ನಡವು ಕೆಟ್ಟಿತೆಂದು ಹಲುಬುವ ಸಾಹಿತ್ಯಪ್ರಿಯರು ಹಾವೇರಿ, ರಾಣೇಬೆನ್ನೂರುಗಳಲ್ಲಿ ಕಡಿಮೆಯಿಲ್ಲ. ಈ ಹಲುಬಾಟವು ಗುರಿ ತಪ್ಪಿದ ಬಾಣವಾಗಿರುವದು. ಭೂಮಧ್ಯರೇಖೆಯ ಮೇಲೆ ಸುಮಾರು 36,000 ಕಿಲೋಮೀಟರು ಎತ್ತರದಲ್ಲಿ, ಭೂಮಿಯ ತಿರುಗಾಟಕ್ಕೆ ಸರಿಯಾಗಿ ಸುತ್ತುತ್ತ, ಕದಲದೆ ನಿಂತಂತೆ ತೋರುವ ಆ ಯಂತ್ರಕ್ಕೆ ಭಾಷೆಯೆಂಬುದಿಲ್ಲ. ಪಕ್ಷಪಾತವಂತೂ ಇಲ್ಲವೇ ಇಲ್ಲ. ಕೆಳಗಿನಿಂದ ಬಂದುದನ್ನು ಬಲಗೊಳಿಸಿ ಮರಳಿ ಕೆಳಕ್ಕೆ ಕಳಿಸುವದಷ್ಟೇ ಅದರ ಕೆಲಸ. ಬೆಂಗಳೂರಿನ ಮಹಡಿಯ ಮೇಲಣ ತಟ್ಟೆಗೂ ಬ್ಯಾಡಗಿಯ ಹೆಂಚಿನ ಮನೆಯ ತಟ್ಟೆಗೂ ಅದು ಭೇದವೆಣಿಸದು. ಭೇದವಿರುವದು ಏರುವ ದಾರಿಯಲ್ಲಿ. ಇಳಿಯುವ ದಾರಿಯು ಮನೆಮನೆಗೂ ಉಂಟು. ಏರುವ ದಾರಿಯ ಕೀಲಿಕೈ ಮಾತ್ರ ರಾಜಧಾನಿಯ ಸೊಂಟದಲ್ಲಿರುವದು.

ಇದು ನಿನ್ನೆ ಹುಟ್ಟಿದ ರೋಗವಲ್ಲ. 1975ನೆಯ ಆಗಸ್ಟಿನಿಂದ 1976ನೆಯ ಜುಲೈವರೆಗೆ ಅಮೇರಿಕೆಯ ಎ.ಟಿ.ಎಸ್.-6 ಉಪಗ್ರಹದ ಮೂಲಕ 6 ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ ಶಿಕ್ಷಣದ ಚಿತ್ರಗಳನ್ನು ಕಳಿಸಲಾಯಿತು. ಕರ್ನಾಟಕದಲ್ಲಿ ಆ ಭಾಗ್ಯವು ವಿಜಾಪುರ, ಗುಲಬರ್ಗಾ, ರಾಯಚೂರು ಜಿಲ್ಲೆಗಳಿಗೆ ಬಂದಿತು. ಅಂದು ಧಾರವಾಡ ಜಿಲ್ಲೆಯಲ್ಲಿದ್ದ ಹಾವೇರಿ ಸೀಮೆಗೆ ಬರಲಿಲ್ಲ. ಬಂದಲ್ಲಿಯಾದರೂ ಆ ಕನ್ನಡದ ಕಾರ್ಯಕ್ರಮಗಳನ್ನು ಸಿದ್ಧಪಡಿಸುವ ಕೇಂದ್ರವಿದ್ದುದು ಎಲ್ಲಿ? ಹೈದರಾಬಾದಿನಲ್ಲಿ! ಮುಂದೆ 1983ರಲ್ಲಿ ಇನ್ಸಾಟ್-1ಬಿ ಮೇಲೇರಿತು. ಅದರ ಕಡಿವಾಣವು ಹಾಸನದ ನಿಯಂತ್ರಣ ಕೇಂದ್ರದ ಕೈಗೆ ಬಂದಿತು. ಉಡುಪಿ ಸೀಮೆಯ ಅದಮಾರಿನ ಯು. ಆರ್. ರಾಯರು 1984ರಿಂದ ಹತ್ತು ವರ್ಷ ಇಸ್ರೋ ಸಂಸ್ಥೆಯ ಅಧ್ಯಕ್ಷರಾದರು. ಹೀಗೆ ಈ ಸಾಹಸಕ್ಕೆ ಕನ್ನಡದ ನೆಲವೂ ಸಂದಿತು, ಕನ್ನಡಿಗರ ಬುದ್ಧಿಯೂ ಸಂದಿತು. ಜಿಲ್ಲೆಗಳ ಮಾತೊಂದೇ ಸಲ್ಲದೆ ಉಳಿಯಿತು.

ಕನ್ನಡದ ವಾಹಿನಿಗಳಿಗೇನು ಬರವೆಂದು ಕೆಲವರು ಕೇಳುವರು. ಬರವಿಲ್ಲ, ನಿಜ. ಆದರೆ ಅವುಗಳ ಧಾರಾವಾಹಿಗಳಲ್ಲಿ ಧಾರವಾಡ-ಹಾವೇರಿಗಳ ಮಾತು ಯಾರ ಬಾಯಿಗೆ ಬರುವದು? ನಾಯಕನ ಬಾಯಿಗೆ ಅಪರೂಪ. ನಗಿಸಲು ಬರುವ ಆಳಿನ ಬಾಯಿಗೆ ಧಾರಾಳ. (ಬ್ಯಾಡಗಿ ಮೆಣಸಿನಕಾಯಿಯ ಬಣ್ಣವು ತುಟಿರಂಗಿಗೂ ಹೋಗುವದಾದ ಕಾರಣ, ನಾಯಿಕೆಯ ತುಟಿಯ ಮೇಲೆ ಈ ಸೀಮೆಯು ಇದ್ದೀತು, ನಾಲಿಗೆಯ ಮೇಲಿಲ್ಲ.) 2024ನೆಯ ಮಾರ್ಚಿನಲ್ಲಿ ಮೆಣಸಿನಕಾಯಿಯ ದರವು ಕುಸಿದು, ಬ್ಯಾಡಗಿಯ ಪೇಟೆಯಲ್ಲಿ ರೈತರ ಸಿಟ್ಟು ವಾಹನಗಳನ್ನು ಸುಟ್ಟಾಗ, ಆ ಜ್ವಾಲೆಯನ್ನು ನಾಡೆಲ್ಲ ಕಂಡಿತು. ದರವು ಏಕೆ ಬಿದ್ದಿತು, ಚೀಲ ಹೊತ್ತು ತಂದವನಿಗೆ ಗಿಟ್ಟಿದ್ದೆಷ್ಟು ಎಂಬುದನ್ನು ಆ ರೈತನದೇ ಮಾತಿನಲ್ಲಿ ವಾರವಾರ ಕೇಳಿಸುವ ಏರ್ಪಾಡು ಇದ್ದಿದ್ದರೆ, ಬೆಂಕಿಗಿಂತ ಮೊದಲು ನಾಡಿಗೆ ಹೊಗೆಯಾದರೂ ಕಾಣುತ್ತಿತ್ತು.

ಆಗದ ಮಾತೆನ್ನುವಂತಿಲ್ಲ. 1950ರಲ್ಲಿ ಆರಂಭವಾದ ಧಾರವಾಡದ ಆಕಾಶವಾಣಿಯ ಕೈ ಚಿಕ್ಕದು, ಆದರೆ ನಾಲಿಗೆ ಈ ಸೀಮೆಯದು. ಅದಕ್ಕೂ ಮೊದಲು ಹಾವೇರಿ ತಾಲೂಕಿನ ಅಗಡಿಯೆಂಬ ಹಳ್ಳಿಯಿಂದ ‘ಸದ್ಬೋಧ ಚಂದ್ರಿಕೆ’ಯು ಹೊರಟು, ಗಳಗನಾಥರ ಲೇಖನಿಯ ಬಲದಿಂದ ಅಂಚೆಯವನ ಚೀಲದಲ್ಲಿ ಕನ್ನಡ ನಾಡನ್ನು ಸುತ್ತಿತು. ಅಗಡಿಗೆ ಅಂಚೆಯೊಂದೇ ಸಾಕಾಗಿತ್ತು. ಇಂದು ಉಪಗ್ರಹಕ್ಕೆ ಏರಿ ಇಳಿಯುವ 72,000 ಕಿಲೋಮೀಟರುಗಳನ್ನು ಬಿಂಬವು ಕಾಲು ಸೆಕೆಂಡಿನಲ್ಲಿ ಕ್ರಮಿಸುವದು. ಬ್ಯಾಡಗಿಯವನ ಮಾತಿಗೆ ಬೆಂಗಳೂರಿನ ಸ್ಟುಡಿಯೋ ಇನ್ನೂ ದೂರವಾಗಿಯೇ ಇರುವದು.

ಏರಿಸುವ ಭೂಕೇಂದ್ರವನ್ನು ಊರೂರಿಗೆ ಕಟ್ಟಲು ಹಣವೆಲ್ಲಿಯದೆಂಬ ನೆವವು ಹಿಂದೆ ಸಲ್ಲುತ್ತಿತ್ತು. ಈಗ ರಾಣೇಬೆನ್ನೂರಿನಲ್ಲಿ ತೆಗೆದ ಚಿತ್ರವು ತಂತಿಯ ಮೂಲಕ ನಿಮಿಷಗಳಲ್ಲಿ ಬೆಂಗಳೂರನ್ನು ಮುಟ್ಟುವದು, ಅಲ್ಲಿಂದ ಏರಿಸಿದರಾಯಿತು. ಸರಕಾರಿ ದೂರದರ್ಶನದ ಚಂದನವಾಹಿನಿಯು ಪ್ರಜೆಗಳ ಹಣದಿಂದ ನಡೆಯತಕ್ಕದ್ದು. ಪ್ರತಿ ಜಿಲ್ಲೆಗೂ ವಾರಕ್ಕೊಂದು ತಾಸು, ಅದೂ ನಡುರಾತ್ರಿಯಲ್ಲಲ್ಲ, ಊಟದ ಹೊತ್ತಿನಲ್ಲಿ. ಬರೆಯುವವರೂ ಆಡುವವರೂ ಆ ಜಿಲ್ಲೆಯವರೇ. ಅವರ ಮಾತನ್ನು ತಿದ್ದುವ ಅಧಿಕಾರವು ಬೆಂಗಳೂರಿಗೆ ಇರಕೂಡದು. ಹಾವೇರಿಯ ಶಾಸಕರೂ ಸಂಸದರೂ ಈ ಒಂದು ತಾಸನ್ನು ಕೇಳಿ ಪಡೆಯಲಿ.