ಮುಖಕ್ಕಷ್ಟೇ ಅಲ್ಲ, ಪರದೆಗೂ ಬಣ್ಣ

ನಟನೆಂದರೆ ಮುಖವಷ್ಟೇ ಎಂಬ ಭ್ರಮೆ ನಮ್ಮಲ್ಲಿ ಬಲವಾಗಿದೆ. ತೆರೆಯ ಮೇಲಿನ ಮನೆ, ಬೀದಿ, ದರಬಾರುಗಳನ್ನು ಕಟ್ಟಿದ ಕೈಗಳನ್ನು ನೆನೆಯುವವರಾರು? ಕನ್ನಡ ಚಿತ್ರರಂಗದಲ್ಲಿ ಅರುಣ್ ಸಾಗರ್ ಅವರು ಅಭಿನಯ, ಕಲಾ ನಿರ್ದೇಶನ ಎರಡನ್ನೂ ಕೈಗೊಂಡವರು, ರಂಗಭೂಮಿಯಿಂದ ಬಂದವರು. ನಮ್ಮ ಬೀಳಗಿಯ ಮಗಳು ಅಮೀರಬಾಯಿ ಕರ್ನಾಟಕಿಯವರೂ ಒಂದೇ ಕೆಲಸಕ್ಕೆ ಕಟ್ಟುಬಿದ್ದವರಲ್ಲ: ನಟಿಸಿದರು, 1943ರ ‘ಕಿಸ್ಮತ್’ ಚಿತ್ರಕ್ಕೆ ಹಾಡಿದರು, 1948ರ ‘ಶಹನಾಜ್’ ಚಿತ್ರಕ್ಕೆ ಸಂಗೀತವನ್ನೂ ಕೊಟ್ಟರು.

ನಮ್ಮ ಮನೆತನದಲ್ಲಿ ಕಾಲೇಜಿನ ಹೊಸ್ತಿಲು ತುಳಿದ ಮೊದಲಿಗ ನಾನು. “ಸಾಲಿ ಕಲಿತಾಂವ ಗರಗಸ ಹಿಡೀಬಾರ್ದು” ಎನ್ನುತ್ತಾರೆ ಹಿರಿಯರು. ಅದನ್ನು ನಾನೊಪ್ಪೆ. ಸ್ನೇಹ ಸಮ್ಮೇಳನದಲ್ಲಿ ಉತ್ತಮ ನಟನಿಗೆ ಬಹುಮಾನ ಕೊಡುವಂತೆ ರಂಗಸಜ್ಜಿಕೆ ಮಾಡಿದವನಿಗೂ ಒಂದಿರಲಿ. ಮುಖಕ್ಕೆ ಬಣ್ಣ ಹಚ್ಚುವವನು ಪರದೆಗೂ ಹಚ್ಚಲು ಕಲಿತರೆ ವಿದ್ಯೆಗೆ ಕುಂದಲ್ಲ, ಕಸುವು.