ಬಾಗಿಲು ಹಾಕಿದ ಅಂಗಡಿಯ ಕಾವಲುಗಾರರು

ನಮ್ಮ ಐಟಿ ಮಂದಿಯಲ್ಲಿ ಒಂದು ವಿಚಿತ್ರ ತಳಿ ಇದೆ. ಮಾಲೀಕ ಬಾಗಿಲು ಹಾಕಿ, ಬೋರ್ಡು ಕಿತ್ತುಕೊಂಡು ಹೋದ ಅಂಗಡಿಯ ಮುಂದೆ ಲಾಠಿ ಹಿಡಿದು ನಿಲ್ಲೋ ತಳಿ. ಸಂಬಳ ಯಾರೂ ಕೊಡಲ್ಲ, ಆದರೂ ಕಾವಲು. ಹಳೇ ವೀ ಯೂ ಕನ್ಸೋಲಿನ ಬೀಗ ತೆಗೆದು ಅದರೊಳಗೆ ಗೇಮ್ ಬಾಯ್ ಅಡ್ವಾನ್ಸ್ ಆಟಗಳನ್ನು ಹಾಕಿಕೊಂಡಿದ್ದೀನಿ ಅಂತ ಊಟದ ಹೊತ್ತಿನಲ್ಲಿ ಇವರ ಮುಂದೆ ಹೇಳಿ ನೋಡಿ. "ಪೈರಸಿ ಕಣೋ ಅದು. ಸಾಫ್ಟ್‌ವೇರ್ ಬರೆದು ಅನ್ನ ತಿನ್ನೋನು ನೀನು, ನಿನಗೇ ಗೊತ್ತಾಗಲ್ವಾ?" ಅಂತಾರೆ. ಶುಕ್ರವಾರ ಬಿಡುಗಡೆಯಾದ ಸಿನಿಮಾ ಶನಿವಾರ ಟೆಲಿಗ್ರಾಮ್‌ನಲ್ಲಿ ನೋಡಿದ ಬಾಯಿಂದಲೇ ಈ ಉಪದೇಶ.

ಮೊದಲು ವಿಷಯ ಏನು ಅಂತ ಹೇಳಿಬಿಡ್ತೀನಿ. ವೀ ಯೂ ಅಂದರೆ ನಿಂಟೆಂಡೊ 2012ರಲ್ಲಿ ತಂದ, ಟಿವಿಗೆ ಜೋಡಿಸುವ ಕನ್ಸೋಲ್. ಕೈಯಲ್ಲಿ ಹಿಡಿಯೋ ಕಂಟ್ರೋಲರಿನ ನಡುವೆ 6.2 ಇಂಚಿನ ಟಚ್ ಸ್ಕ್ರೀನು. ವ್ಯಾಪಾರದಲ್ಲಿ ಮಕಾಡೆ ಮಲಗಿತು: ಇಡೀ ಜಗತ್ತಿನಲ್ಲಿ ಹೋದದ್ದು 1.35 ಕೋಟಿ ಚಿಲ್ಲರೆ. ಅದೇ ಕಂಪನಿಯ ಕೈಯಲ್ಲಿ ಹಿಡಿದು ಆಡುವ ಡಿಎಸ್ 15.4 ಕೋಟಿ ಹೋಗಿತ್ತು. ಆದರೆ ಈ ಸೋತ ಡಬ್ಬಕ್ಕೆ ಒಂದು ಗುಣ ಇತ್ತು. ಡಿಎಸ್‌ಗೆ ಎರಡು ಪರದೆ, ಇದಕ್ಕೂ ಎರಡು: ಟಿವಿ ಒಂದು, ಕೈಯಲ್ಲಿರೋದು ಇನ್ನೊಂದು. ಹಾಗಾಗಿ 2014ರಿಂದ ಗೇಮ್ ಬಾಯ್ ಅಡ್ವಾನ್ಸ್ ಆಟಗಳನ್ನೂ, 2015ರಿಂದ ಡಿಎಸ್ ಆಟಗಳನ್ನೂ ನಿಂಟೆಂಡೊ ತಾನೇ ಇದರ ಆನ್‌ಲೈನ್ ಅಂಗಡಿಯಲ್ಲಿ ಮಾರಿತು. ಅಂದರೆ ಆ ಹಳೇ ಆಟಗಳನ್ನು ಈ ಡಬ್ಬದಲ್ಲಿ ಓಡಿಸುವ ಎಮ್ಯುಲೇಟರ್ ಕಂಪನಿಯದ್ದೇ ಇದೆ. ಎಮ್ಯುಲೇಟರ್ ಅಂದರೆ ಒಂದು ಯಂತ್ರ ಇನ್ನೊಂದು ಯಂತ್ರದ ವೇಷ ಹಾಕಿ ಕುಣಿಯುವಂತೆ ಮಾಡುವ ಪ್ರೋಗ್ರಾಮು, ಅಷ್ಟೇ.

2023ರ ಮಾರ್ಚ್ 27ಕ್ಕೆ ಅಂಗಡಿ ಮುಚ್ಚಿತು. ಮೊದಲೇ ಕೊಂಡಿದ್ದವರು ಮತ್ತೆ ಡೌನ್‌ಲೋಡ್ ಮಾಡಿಕೊಳ್ಳಬಹುದು ಅಂದರು, ಅದು ಎಷ್ಟು ದಿನ ಅಂತ ತಾರೀಕು ಹೇಳಲಿಲ್ಲ. ಹೊಸದಾಗಿ ಕೊಳ್ಳೋ ದಾರಿ ಮಾತ್ರ ಬಂದ್. ದುಡ್ಡು ಹಿಡಿದುಕೊಂಡು ನಿಂತರೂ ಇಸ್ಕೊಳ್ಳೋರು ಇಲ್ಲ.

ಅಮೆರಿಕದಿಂದ ವಾಪಸ್ ಬಂದ ಗೆಳೆಯನ ಹತ್ತಿರ ನಾನು ಒಂದು ವೀ ಯೂ ಕೊಂಡೆ. (ಅಡಾಪ್ಟರು 120 ವೋಲ್ಟಿನದು. ಸ್ಟೆಪ್‌ಡೌನ್ ಟ್ರಾನ್ಸ್‌ಫಾರ್ಮರ್ ಇಲ್ಲದೆ ನಮ್ಮ ಗೋಡೆಗೆ ಚುಚ್ಚಬೇಡಿ, ಹೊಗೆ ಬರುತ್ತೆ.) ಅದರ ಬೀಗ ತೆಗೆಯೋಕೆ ಬೆಸುಗೆ ಹಾಕಬೇಕಿಲ್ಲ, ಚಿಪ್ ಕೂರಿಸಬೇಕಿಲ್ಲ. ಎಸ್‌ಡಿ ಕಾರ್ಡಿನಲ್ಲಿ 'ಅರೋಮಾ' ಅನ್ನೋ, ಹವ್ಯಾಸಿಗಳು ಪುಕ್ಕಟೆ ಕೊಟ್ಟ ತಂತ್ರಾಂಶ ಹಾಕಿದರೆ ಆಯಿತು. ಆಮೇಲೆ ಮಾಡೋ ಕೆಲಸದ ಹೆಸರು 'ಇಂಜೆಕ್ಟ್'. ನಿಂಟೆಂಡೊ ಮಾರಿದ ಒಂದು ಹಳೇ ಆಟದ ಪೊಟ್ಟಣ ಬಿಚ್ಚಿದರೆ ಒಳಗೆ ಸಿಗೋದು ಎಮ್ಯುಲೇಟರು, ಆಟದ ಫೈಲು, ಒಂದಿಷ್ಟು ಸೆಟ್ಟಿಂಗು, ಮೆನುವಿನಲ್ಲಿ ಕಾಣೋ ಚಿತ್ರ. ಆಟದ ಫೈಲಿನ ಜಾಗದಲ್ಲಿ ನಿಮ್ಮ ಆಟದ ಫೈಲ್ ಇಟ್ಟು, ಹೆಸರು ಚಿತ್ರ ಬದಲಿಸಿ, ಮತ್ತೆ ಪೊಟ್ಟಣ ಕಟ್ಟಿ ಇನ್‌ಸ್ಟಾಲ್ ಮಾಡೋದು. ಬಸ್ಸು ಅದೇ, ಡ್ರೈವರ್ ಅದೇ, ಪ್ಯಾಸೆಂಜರ್ ಮಾತ್ರ ಬೇರೆ.

ಈ ಪ್ಯಾಸೆಂಜರನ್ನು ಎಲ್ಲಿಂದ ತಂದೆ ಅನ್ನೋದು ಮುಖ್ಯ. ಆಫೀಸಿನ ಕೆಲಸಕ್ಕೆ ಟೋಕಿಯೊಗೆ ಹೋದಾಗ ಅಕಿಹಬರದ ಸೆಕೆಂಡ್‌ಹ್ಯಾಂಡ್ ಅಂಗಡಿಗಳಲ್ಲಿ ಕೊಂಡ ಕಾರ್ಟ್ರಿಜ್‌ಗಳು ನನ್ನ ಹತ್ತಿರ ಇವೆ. ಕಂಪ್ಯೂಟರಿಗೆ ಯುಎಸ್‌ಬಿಯಲ್ಲಿ ಸಿಕ್ಕಿಸೋ ಕಾರ್ಟ್ರಿಜ್ ರೀಡರ್ ಸಿಗುತ್ತೆ. ಅದರಿಂದ ಫೈಲ್ ಇಳಿಸಿಕೊಂಡೆ. ಗೇಮ್ ಬಾಯ್ ಅಡ್ವಾನ್ಸ್ ಆಟ ಸಾಮಾನ್ಯವಾಗಿ 32 ಎಂಬಿ ಮೀರೋದಿಲ್ಲ. ನಿಮ್ಮ ಫ್ಯಾಮಿಲಿ ಗ್ರೂಪಿಗೆ ಬರೋ ಶುಭೋದಯದ ವಿಡಿಯೊಗಳು ಅದಕ್ಕಿಂತ ಜಾಸ್ತಿ ಜಾಗ ತಿಂತಾವೆ.

"ಕಾರ್ಟ್ರಿಜ್ ಇದ್ದರೆ ಅದರಲ್ಲೇ ಆಡು, ಇಷ್ಟೆಲ್ಲ ಯಾಕೆ?" ಅಂತ ಕಾವಲುಗಾರರು ಕೇಳ್ತಾರೆ. ಯಾಕೆ ಅಂದರೆ ಕಾರ್ಟ್ರಿಜ್ ಸಾಯುತ್ತೆ ಸ್ವಾಮಿ. 'ಪೋಕೆಮಾನ್ ಗೋಲ್ಡ್' ಬಂದದ್ದು 1999ರಲ್ಲಿ. ಅದರ ಕಾರ್ಟ್ರಿಜ್ ಒಳಗೆ ನಾಣ್ಯದಂಥ ಒಂದು ಸೆಲ್ ಇದೆ. ಆಟದೊಳಗಿನ ಗಡಿಯಾರ ನಡೆಯೋದೂ ಅದರಿಂದ, ನೀವು ಆಡಿ ಉಳಿಸಿದ ಲೆಕ್ಕ ಉಳಿಯೋದೂ ಅದರಿಂದ. ಸೆಲ್ ಖಾಲಿಯಾದ ದಿನ ನೂರು ಗಂಟೆ ಆಡಿದ್ದು ಗೋವಿಂದ. 2002ರ 'ರೂಬಿ', 'ಸಫೈರ್' ಸ್ವಲ್ಪ ವಾಸಿ. ಉಳಿಸಿದ ಲೆಕ್ಕ ಫ್ಲ್ಯಾಶ್ ಮೆಮೊರಿಯಲ್ಲಿ ಇರುತ್ತೆ, ಆದರೆ ಸೆಲ್ ಸತ್ತರೆ ಗಡಿಯಾರ ನಿಂತು, ಆಟದೊಳಗೆ ನೆಟ್ಟ ಗಿಡ ಬೆಳೆಯಲ್ಲ. ಪ್ರೋಗ್ರಾಮು ಬರೆದವರೇ ಇದನ್ನು ಊಹಿಸಿ, ಬ್ಯಾಟರಿ ಮುಗಿದಿದೆ ಅಂತ ಹೇಳೋ ಸಂದೇಶ ಇಟ್ಟಿದ್ದಾರೆ. ಮಾಡಿದವರಿಗೇ ಗೊತ್ತಿತ್ತು ಇದು ಮುಗಿಯೋ ವಸ್ತು ಅಂತ.

ಇನ್ನು ಕೆಲವು ಆಟ ಎಷ್ಟು ಹುಚ್ಚು ಅಂದರೆ ಅವನ್ನು ಉಳಿಸೋದೇ ಒಂದು ಎಂಜಿನಿಯರಿಂಗು. 2003ರ 'ಬೋಕ್‌ಟೈ' ಅಂತ ಒಂದು ಇದೆ, ಹಿದಿಯೊ ಕೊಜಿಮಾ ಹಿಂದೆ ನಿಂತು ಮಾಡಿಸಿದ್ದು. ಕಾರ್ಟ್ರಿಜ್ಜಿನಲ್ಲಿ ಬಿಸಿಲು ಅಳೆಯೋ ಸೆನ್ಸರ್. ರಕ್ತಪಿಶಾಚಿಗಳನ್ನು ಕೊಲ್ಲೋಕೆ ಆಡೋನು ನಿಜವಾಗಿಯೂ ಬಿಸಿಲಿಗೆ ಹೋಗಬೇಕು! ಇಂಥದ್ದನ್ನು ಬರೀ ಫೈಲ್ ನಕಲು ಮಾಡಿ ಓಡಿಸೋಕೆ ಆಗಲ್ಲ, ಬಿಸಿಲು ಎಷ್ಟಿದೆ ಅಂತ ಸುಳ್ಳು ಹೇಳೋ ಒಂದು ತುಂಡು ಕೋಡನ್ನು ಯಾರಾದರೂ ಕೂತು ಬರೆಯಬೇಕು. ಬರೆದವರು ಕಂಪನಿಯವರಲ್ಲ. ರಾತ್ರಿ ನಿದ್ದೆಗೆಟ್ಟ ಹವ್ಯಾಸಿಗಳು.

"ಹಾಗಾದರೆ ಕೊಂಡುಕೊಂಡು ಆಡು." ಎಲ್ಲಿ? ವೀಡಿಯೊ ಗೇಮ್ ಹಿಸ್ಟರಿ ಫೌಂಡೇಶನ್ 2023ರ ಜುಲೈನಲ್ಲಿ ಲೆಕ್ಕ ಹಾಕಿ ತೋರಿಸಿದೆ: 2010ಕ್ಕೆ ಮೊದಲು ಅಮೆರಿಕದಲ್ಲಿ ಬಂದ ಆಟಗಳಲ್ಲಿ ಶೇ. 87ರಷ್ಟು ಇವತ್ತು ಮಾರಾಟದಲ್ಲಿ ಇಲ್ಲ. ಗೇಮ್ ಬಾಯ್ ಸಾಲಿನಲ್ಲಿ ಸಿಗೋದು ನೂರಕ್ಕೆ ಆರೂ ಇಲ್ಲ. ಹೊಸ ಸ್ವಿಚ್ ಕನ್ಸೋಲಿನಲ್ಲಿ ವರ್ಷಕ್ಕೆ ಇಷ್ಟು ಅಂತ ಚಂದಾ ಕಟ್ಟಿದರೆ ಒಂದಿಷ್ಟು ಹಳೇ ಆಟ ಆಡೋಕೆ ಬಿಡ್ತಾರೆ, ನಿಜ. ಅದು ಬಾಡಿಗೆ. ಚಂದಾ ನಿಂತ ದಿನ ಆಟವೂ ನಿಂತಿತು. ಇನ್ನು ವೀ ಯೂ ಕಾಲದಲ್ಲಿ ಭಾರತಕ್ಕೆ ಅಂತ ಆ ಆನ್‌ಲೈನ್ ಅಂಗಡಿ ಇರಲೇ ಇಲ್ಲ. ನಮಗೆ ಮಾರಲೂ ಬಾರದ ಕಂಪನಿಯ ನಷ್ಟದ ಬಗ್ಗೆ ಬೆಳ್ಳಂದೂರಿನಲ್ಲಿ ಕೂತು ನಾವು ಕಣ್ಣೀರು ಹಾಕಬೇಕು.

"ಸೆಕೆಂಡ್‌ಹ್ಯಾಂಡ್ ಕಾರ್ಟ್ರಿಜ್ ಕೊಂಡು ಅದರಲ್ಲೇ ಆಡೋದು ಪ್ರಾಮಾಣಿಕ ದಾರಿ" ಅನ್ನೋರಿಗೆ ಒಂದು ಮಾತು. ಹಳೇ ಆಟ ಮರುಮಾರಾಟ ಮಾಡೋದು ಕಾನೂನುಬದ್ಧ ಅಂತ ಜಪಾನಿನ ಸುಪ್ರೀಂ ಕೋರ್ಟ್ 2002ರಲ್ಲೇ ಹೇಳಿದೆ. ನಾನು ಅಕಿಹಬರದಲ್ಲಿ ಕೊಟ್ಟ ದುಡ್ಡಿನಲ್ಲಿ ಆಟ ಮಾಡಿದವರಿಗೆ ಒಂದು ಯೆನ್ ಕೂಡ ಹೋಗಿಲ್ಲ. ಅದನ್ನು ಗೇಮ್ ಬಾಯ್‌ಗೆ ಸಿಕ್ಕಿಸಿದರೆ ಸಜ್ಜನ, ಅದರ ನಕಲನ್ನು ಟಿವಿಯಲ್ಲಿ ಆಡಿದರೆ ಕಳ್ಳ. ಎರಡರಲ್ಲೂ ಕಂಪನಿಗೆ ಬಂದದ್ದು ಸೊನ್ನೆ. ಈ ಲೆಕ್ಕ ನನಗಂತೂ ಬಗೆಹರಿದಿಲ್ಲ.

ಕಾನೂನಿನ ಮಾತಿಗೆ ಬರೋಣ, ಯಾಕಂದರೆ ಕಾವಲುಗಾರರ ಕೈಲಿರೋ ಲಾಠಿ ಅದೇ. ಎಮ್ಯುಲೇಟರ್ ಬರೆಯೋದೇ ಅಪರಾಧ ಅಂತ ಅಂದುಕೊಂಡವರು ಇದ್ದಾರೆ. 2000ದಲ್ಲಿ ಸೋನಿ ಕಂಪನಿ ಕನೆಕ್ಟಿಕ್ಸ್ ಮೇಲೆ ಹಾಕಿದ ಕೇಸಿನಲ್ಲಿ ಅಮೆರಿಕದ ಮೇಲ್ಮನವಿ ಕೋರ್ಟು ಹೇಳಿದ್ದು ಬೇರೆ: ಎಮ್ಯುಲೇಟರ್ ಮಾಡೋಕೆ ಅಂತ ಮೂಲ ಪ್ರೋಗ್ರಾಮನ್ನು ಬಿಚ್ಚಿ ನೋಡಿದ್ದು ನ್ಯಾಯವಾದ ಬಳಕೆಯೇ. ಬೀಗ ಒಡೆಯೋದರ ವಿರುದ್ಧ ಅಲ್ಲಿ 1998ರ ಕಾನೂನು ಇದೆ, ಅದು ಕಠಿಣ. ಹಳೇ ಆಟಗಳನ್ನು ಸಂಶೋಧಕರು ದೂರದಿಂದ ಆಡಿ ನೋಡೋಕೆ ಗ್ರಂಥಾಲಯಗಳು ಅವಕಾಶ ಕೊಡಲಿ ಅಂತ ಕೇಳಿದ್ದಕ್ಕೂ 2024ರ ಅಕ್ಟೋಬರಿನಲ್ಲಿ ಆಗಲ್ಲ ಅಂದರು. ಗ್ರಂಥಾಲಯದವರಿಗೇ ಆಗಲ್ಲ ಅಂದಮೇಲೆ ಇನ್ನೇನು ಹೇಳೋಣ.

ನಮ್ಮದು ಇಷ್ಟು ಕುರುಡಲ್ಲ. 1957ರ ಕಾಪಿರೈಟ್ ಕಾಯ್ದೆಯ 52ನೇ ಸೆಕ್ಷನ್ನಿನಲ್ಲಿ, ಕಂಪ್ಯೂಟರ್ ಪ್ರೋಗ್ರಾಮನ್ನು ನ್ಯಾಯವಾಗಿ ಹೊಂದಿರೋನು ಅದು ಹಾಳಾದರೆ ಕಳೆದರೆ ಇರಲಿ ಅಂತ ತಾತ್ಕಾಲಿಕ ರಕ್ಷಣೆಗೆ ಬ್ಯಾಕಪ್ ಮಾಡಿಕೊಳ್ಳಬಹುದು ಅಂತ ಇದೆ. 2012ರ ತಿದ್ದುಪಡಿಯಲ್ಲಿ ಬಂದ 65ಎ ಸೆಕ್ಷನ್ನು ಡಿಜಿಟಲ್ ಬೀಗ ಮುರಿದರೆ ಎರಡು ವರ್ಷದವರೆಗೆ ಜೈಲು ಅನ್ನುತ್ತೆ. ಆದರೆ ಅದರೊಳಗೆ ನಾಲ್ಕು ಪದ ಇವೆ: ಹಕ್ಕು ಉಲ್ಲಂಘಿಸುವ ಉದ್ದೇಶದಿಂದ ಮುರಿದರೆ. ಉದ್ದೇಶ ಏನು ಅನ್ನೋದನ್ನು ನಮ್ಮ ಕಾನೂನು ಕೇಳುತ್ತೆ, ನಮ್ಮ ಸಹೋದ್ಯೋಗಿಗಳು ಕೇಳಲ್ಲ. ಬ್ಯಾಕಪ್ಪಿನ ಅವಕಾಶ ಕಿರಿದು, ಎಲ್ಲದಕ್ಕೂ ಅದು ಕೊಡೆ ಆಗಲ್ಲ, ಅದೂ ಗೊತ್ತು. ಅಪರಿಚಿತ ವೆಬ್‌ಸೈಟಿನಿಂದ ಇಳಿಸಿಕೊಂಡ ಫೈಲಿಗಂತೂ ಅದು ಅನ್ವಯಿಸಲ್ಲ.

ನಾನು ಬೆಳೆದದ್ದು ತಿಪಟೂರಿನ ಕಡೆ ಒಂದು ಹಳ್ಳಿಯಲ್ಲಿ. ಬೋರ್‌ವೆಲ್ ಮೋಟಾರ್ ಸುಟ್ಟರೆ ಎತ್ತಿ, ಟೆಂಪೊದಲ್ಲಿ ಹಾಕಿಕೊಂಡು ಹೋಗಿ ವೈಂಡಿಂಗ್ ಮಾಡಿಸಿಕೊಂಡು ಬರ್ತಿದ್ವಿ. ಮೋಟಾರ್ ಕಂಪನಿಯವರ ಅನುಮತಿ ಕೇಳಬೇಕು ಅನ್ನೋ ಯೋಚನೆ ಯಾರ ತಲೆಗೂ ಬರ್ತಿರಲಿಲ್ಲ. ದುಡ್ಡು ಕೊಟ್ಟಾಯ್ತು, ವಸ್ತು ನಮ್ಮದು. ಬಿಚ್ಚೋದು, ತಾಮ್ರ ಬದಲಿಸೋದು, ಒಂದರ ಬೇರಿಂಗ್ ಇನ್ನೊಂದಕ್ಕೆ ಕೂರಿಸೋದು ಎಲ್ಲ ಕೊಂಡವನ ಹಣೆಬರಹ. ಬಿಇ ಮುಗಿಸಿ ಬೆಂಗಳೂರಿಗೆ ಬಂದಮೇಲೆ ಗೊತ್ತಾಯ್ತು, ಇಲ್ಲಿ 'ಬೈ' ಅನ್ನೋ ಬಟನ್ ಒತ್ತಿದರೆ ಕೊಂಡಂತೆ ಅಲ್ಲ ಅಂತ. ಕ್ಯಾಲಿಫೋರ್ನಿಯಾದವರು ಕೊನೆಗೆ ಇದಕ್ಕೇ ಒಂದು ಕಾನೂನು ಮಾಡಬೇಕಾಯ್ತು: 2025ರ ಜನವರಿಯಿಂದ, ಕೊಡ್ತಿರೋದು ಬರೀ ಲೈಸೆನ್ಸ್ ಆಗಿದ್ದರೆ ಅದನ್ನು ಸ್ಪಷ್ಟವಾಗಿ ಹೇಳದೆ 'ಬೈ' ಅಂತ ಬರೆಯೋ ಹಾಗಿಲ್ಲ. ಮಾರಾಟ ಅಲ್ಲದ್ದನ್ನು ಮಾರಾಟ ಅಂತ ಕರೆದದ್ದು ಕಂಪನಿ, ಕಳ್ಳ ಅನ್ನಿಸಿಕೊಳ್ಳೋನು ಗಿರಾಕಿ.

ನಕಲು ಅಂದರೆ ಪಾಪ ಅನ್ನೋದನ್ನು ನಮ್ಮ ಭಾಷೆಯವರಂತೂ ಒಪ್ಪಬಾರದು. ಹತ್ತನೇ ಶತಮಾನದಲ್ಲಿ ಅತ್ತಿಮಬ್ಬೆ ಪೊನ್ನನ 'ಶಾಂತಿಪುರಾಣ'ದ ಸಾವಿರ ಪ್ರತಿ ಬರೆಸಿ ಹಂಚಿದಳು. ಆಕೆಗೆ ದಾನಚಿಂತಾಮಣಿ ಅಂದರು, ಪೈರೇಟ್ ಅನ್ನಲಿಲ್ಲ. 1934ರ 'ಸತಿ ಸುಲೋಚನ', ಕನ್ನಡದ ಮೊದಲ ಮಾತಿನ ಚಿತ್ರ, ಅದರ ಪ್ರಿಂಟ್ ಇವತ್ತು ಇಲ್ಲ. ಯಾವನೋ ಒಬ್ಬ ಥಿಯೇಟರಿನವನು ಹೇಳದೆ ಕೇಳದೆ ಒಂದು ನಕಲು ಇಟ್ಟುಕೊಂಡಿದ್ದಿದ್ದರೆ ಇವತ್ತು ಅವನ ಕಾಲಿಗೆ ಬೀಳ್ತಿದ್ವಿ. ಆಟ ಏನು ಮಹಾಕಾವ್ಯವಾ ಅಂತ ಕೇಳಬೇಡಿ. ಕಾಪಾಡೋ ಕಾಲದಲ್ಲಿ ಸಿನಿಮಾಕ್ಕೂ ಹಾಗೇ ಅಂದಿದ್ದರು.

ನಮ್ಮ ಕಡೆಯವರಿಗೂ ಬೈಬೇಕು, ಇಲ್ಲಾಂದ್ರೆ ನ್ಯಾಯ ಅಲ್ಲ. ಆನ್‌ಲೈನಿನಲ್ಲಿ '64 ಜಿಬಿ ಕಾರ್ಡ್, 10,000 ಆಟ' ಅಂತ ಮಾರೋನು ಸಂರಕ್ಷಕ ಅಲ್ಲ, ಅವನು ವ್ಯಾಪಾರಿ. ಅದನ್ನು ಕೊಂಡು ಹತ್ತು ಆಟ ತೆರೆದು, ತಲಾ ಎರಡು ನಿಮಿಷ ನೋಡಿ, "ನಾನು ಹಿಸ್ಟರಿ ಉಳಿಸ್ತಿದೀನಿ" ಅಂತ ಪೋಸ್ಟ್ ಹಾಕೋನು ಇನ್ನೂ ಅಸಹ್ಯ. ಬೀಗ ಒಡೆಯೋ ಸಾಧನಗಳನ್ನು ಮಾರಿ ದುಡ್ಡು ಮಾಡಿದ 'ಟೀಮ್ ಎಕ್ಸೆಕ್ಯೂಟರ್' ಗುಂಪಿನ ಒಬ್ಬನಿಗೆ 2022ರಲ್ಲಿ 40 ತಿಂಗಳ ಶಿಕ್ಷೆ ಆಯ್ತು. ಶಿಕ್ಷೆ ಜಾಸ್ತಿ ಆಯ್ತಾ ಅನ್ನೋದು ಬೇರೆ ಚರ್ಚೆ, ಆದರೆ ಆ ದಂಧೆಗೆ ನನ್ನ ವಕಾಲತ್ತು ಇಲ್ಲ. ಇವತ್ತು ಅಂಗಡಿಯಲ್ಲಿ ಸಿಗೋ ಸ್ವಿಚ್ ಆಟವನ್ನು ಪುಕ್ಕಟೆ ಆಡೋರಿಗೂ ಇಲ್ಲ. ಇವರಿಂದಲೇ ನನ್ನಂಥವರ ಮಾತಿಗೆ ಬೆಲೆ ಇಲ್ಲದಂತಾಗಿರೋದು.

ಕಂಪನಿಯ ಹತ್ತಿರ ಕೇಳೋದು ದೊಡ್ಡದೇನಲ್ಲ. ಅಂಗಡಿ ಮುಚ್ಚೋ ದಿನ, ಕೊನೆಯ ಅಪ್‌ಡೇಟಿನಲ್ಲಿ ಬೀಗ ತೆಗೆದು ಹೋಗಿ. ಎಂಜಿನಿಯರ್ ಆಗಿ ಹೇಳ್ತೀನಿ, ಸಹಿ ಪರೀಕ್ಷೆ ಮಾಡೋ ಕೋಡನ್ನು ತೆಗೆಯೋದು ಅದನ್ನು ಬರೆಯೋದಕ್ಕಿಂತ ಸುಲಭ. ನಡೆದದ್ದು ನೋಡಿ: ವೀ ಯೂ ಜೊತೆಗೇ ಅಂಗಡಿ ಮುಚ್ಚಿಸಿಕೊಂಡ, ಕೈಯಲ್ಲಿ ಹಿಡಿಯೋ 3ಡಿಎಸ್‌ಗೆ ಎರಡು ತಿಂಗಳಾದಮೇಲೆ, 2023ರ ಮೇನಲ್ಲಿ, ಒಂದು ಅಪ್‌ಡೇಟ್ ಬಂತು. ಮಾರೋಕೆ ಒಂದು ಆಟವೂ ಇಲ್ಲದ ಯಂತ್ರ. ಆ ಅಪ್‌ಡೇಟ್ ಮಾಡಿದ್ದು ಮಾಡಿಫೈ ಮಾಡೋ ಕೆಲವು ದಾರಿಗಳನ್ನು ಮುಚ್ಚಿದ್ದು. ಮನೆ ಖಾಲಿ ಮಾಡಿ ಹೋದವನು ವಾಪಸ್ ಬಂದು ಬಾಗಿಲಿಗೆ ಇನ್ನೊಂದು ಚಿಲಕ ಹಾಕಿ ಹೋದ.

ಹಾಗಾಗಿ ಮನೆಯಲ್ಲಿ ಹಳೇ ಕಾರ್ಟ್ರಿಜ್ ಇರೋರು ಮೊದಲು ಉಳಿಸಿದ ಲೆಕ್ಕದ ಫೈಲನ್ನು ಇಳಿಸಿಕೊಳ್ಳಿ, ಆಮೇಲೆ ಆಟದ ಫೈಲು, ಆಮೇಲೆ ಸೆಲ್ ಬದಲಿಸೋ ಮಾತು. ಸೆಲ್ ಬಿಚ್ಚಿದ ಕೂಡಲೇ ಲೆಕ್ಕ ಅಳಿಸುತ್ತೆ, ಆತುರ ಬೇಡ. ಈ ಕೆಲಸಕ್ಕೆ ಅವಕಾಶ ಇರೋದು ಕಾರ್ಟ್ರಿಜ್ ಒಳಗೆ ಆಟ ಇದ್ದ ಕಾಲದವರಿಗೆ ಮಾತ್ರ. 2025ರ ಜೂನಿನಲ್ಲಿ ಬಂದ ಸ್ವಿಚ್ 2ಕ್ಕೆ 'ಗೇಮ್-ಕೀ ಕಾರ್ಡ್' ಅಂತ ಮಾಡಿದ್ದಾರೆ. ಡಬ್ಬ ಇದೆ, ಕಾರ್ಡ್ ಇದೆ, ಒಳಗೆ ಆಟ ಇಲ್ಲ. ಕಾರ್ಡ್ ಬರೀ ಕೀಲಿಕೈ, ಆಟ ಅವರ ಸರ್ವರಿನಿಂದ ಇಳಿಬೇಕು. 20 ವರ್ಷ ಆದಮೇಲೆ ಅದನ್ನು ಯಾರಾದರೂ ರೀಡರಿಗೆ ಸಿಕ್ಕಿಸಿದರೆ ಇಳಿಸಿಕೊಳ್ಳೋಕೆ ಅದರಲ್ಲಿ ಏನೂ ಇರೋದಿಲ್ಲ.