ಮೊದಲ ವಿಡಿಯೊ ಲಾರಿಂಗೋಸ್ಕೋಪ್ ಹನೂರಿಗೆ ಬರಲಿ

ತಾಲ್ಲೂಕು ಆಸ್ಪತ್ರೆಗೆ ತೀವ್ರ ನಿಗಾ ಸೌಲಭ್ಯ ಕೊಡುವ ಮಾತು ಬಂದಾಗಲೆಲ್ಲ ಹಾಸಿಗೆ ಎಷ್ಟು, ವೆಂಟಿಲೇಟರ್ ಎಷ್ಟು ಎಂಬಲ್ಲಿಗೆ ಚರ್ಚೆ ಮುಗಿಯುತ್ತದೆ. ಕೇಂದ್ರ ಸರ್ಕಾರ 2021ರಲ್ಲಿ 602 ಜಿಲ್ಲೆಗಳಿಗೆ ಕ್ರಿಟಿಕಲ್ ಕೇರ್ ಬ್ಲಾಕ್ ಘೋಷಿಸಿದ ಮೇಲೂ ಮಾತೆಲ್ಲ ಕಟ್ಟಡದ ಸುತ್ತಲೇ. ಉಸಿರು ನಿಲ್ಲುತ್ತಿರುವ ರೋಗಿಯ ಗಂಟಲಿಗೆ ಟ್ಯೂಬ್ ಇಳಿಸುವವರು ಯಾರು, ಯಾವ ಸಾಧನದಿಂದ ಎಂಬ ಪ್ರಶ್ನೆ ಏಳುವುದೇ ಅಪರೂಪ. ಎದ್ದರೂ ಉತ್ತರ ಸಿದ್ಧವಾಗಿರುತ್ತದೆ: ವಿಡಿಯೊ ಲಾರಿಂಗೋಸ್ಕೋಪ್ ದುಬಾರಿ, ಪರಿಣತರಿರುವ ದೊಡ್ಡ ಆಸ್ಪತ್ರೆಗೆ ಮೊದಲು ಕೊಡೋಣ, ತಾಲ್ಲೂಕಿನವರು ಸದ್ಯಕ್ಕೆ ಹಳೆಯ ಬ್ಲೇಡಿನಲ್ಲೇ ಸುಧಾರಿಸಿಕೊಳ್ಳಲಿ.

ಈ ಸರದಿ ತಲೆಕೆಳಗಾಗಿದೆ. ಕ್ಯಾಮೆರಾ ಇರುವ ಲಾರಿಂಗೋಸ್ಕೋಪ್ ಮೊದಲು ಬರಬೇಕಾದದ್ದು ಚಾಮರಾಜನಗರ ಜಿಲ್ಲೆಯ ಹನೂರಿಗೆ, ಕೊಳ್ಳೇಗಾಲಕ್ಕೆ, ಯಳಂದೂರಿಗೆ. ಮೈಸೂರು, ಬೆಂಗಳೂರಿನ ಆಸ್ಪತ್ರೆಗಳು ಕಾಯಬಹುದು. ಇದು ಹಿಂದುಳಿದ ಪ್ರದೇಶಕ್ಕೆ ಕನಿಕರ ತೋರಿಸಿ ಎಂಬ ಬೇಡಿಕೆಯಲ್ಲ. ಅಂಕಿಗಳೇ ಹಾಗೆ ಹೇಳುತ್ತಿವೆ. ನಾವು ಅವನ್ನು ಪೂರ್ತಿ ಓದಿಲ್ಲ, ಅಷ್ಟೆ.

‘ನ್ಯೂ ಇಂಗ್ಲೆಂಡ್ ಜರ್ನಲ್ ಆಫ್ ಮೆಡಿಸಿನ್’ 2023ರಲ್ಲಿ ಪ್ರಕಟಿಸಿದ ‘ಡಿವೈಸ್’ ಅಧ್ಯಯನವನ್ನು ಈಗ ಎಲ್ಲರೂ ಉದ್ಧರಿಸುತ್ತಾರೆ. ಅಮೆರಿಕದ 17 ತುರ್ತು ವಿಭಾಗ ಮತ್ತು ಐಸಿಯುಗಳ 1,417 ರೋಗಿಗಳ ಲೆಕ್ಕ ಅದು. ಮೊದಲ ಯತ್ನದಲ್ಲೇ ಟ್ಯೂಬ್ ಶ್ವಾಸನಾಳ ಸೇರಿದ್ದು ವಿಡಿಯೊದಲ್ಲಿ ಶೇ 85.1 ಮಂದಿಗೆ, ಕಣ್ಣಿನಿಂದ ನೇರವಾಗಿ ನೋಡಿ ಹಾಕುವ ವಿಧಾನದಲ್ಲಿ ಶೇ 70.8 ಮಂದಿಗೆ. ಅಂತರ ಎಷ್ಟು ಸ್ಪಷ್ಟವಾಗಿತ್ತೆಂದರೆ, ಉದ್ದೇಶಿಸಿದ್ದ ಸಂಖ್ಯೆ ಮುಟ್ಟುವ ಮೊದಲೇ ಅಧ್ಯಯನ ನಿಲ್ಲಿಸಿದರು. 85 ಮತ್ತು 71, ಈ ಎರಡು ಅಂಕಿ ಹೇಳಿ ಎಲ್ಲರೂ ಮುಂದಕ್ಕೆ ಹೋಗುತ್ತಾರೆ.

ನಿಂತು ಓದಬೇಕಾದ ಲೆಕ್ಕ ಅದೇ ವರದಿಯಲ್ಲಿ ಅದರ ಕೆಳಗಿದೆ. ಟ್ಯೂಬ್ ಹಾಕಿದ ವೈದ್ಯರ ಅನುಭವಕ್ಕೆ ತಕ್ಕಂತೆ ರೋಗಿಗಳನ್ನು ವಿಂಗಡಿಸಿ ನೋಡಿದ್ದಾರೆ. ಅದುವರೆಗೆ 25 ಬಾರಿಯೂ ಟ್ಯೂಬ್ ಹಾಕಿರದ ವೈದ್ಯರ ಕೈಯಲ್ಲಿ ವಿಡಿಯೊ ತಂದ ಲಾಭ ನೂರಕ್ಕೆ ಸುಮಾರು 26. ನೂರಕ್ಕೂ ಹೆಚ್ಚು ಬಾರಿ ಹಾಕಿದವರ ಕೈಯಲ್ಲಿ ಸುಮಾರು 6. ಅಂದರೆ ಹೊಸಬರ ಮುಂದೆ ಮಲಗಿದ ನೂರು ರೋಗಿಗಳಲ್ಲಿ 26 ಮಂದಿ ಎರಡನೇ ಯತ್ನದ ಅಪಾಯದಿಂದ ಪಾರಾಗುತ್ತಾರೆ, ಪಳಗಿದವರ ಮುಂದಿನ ನೂರರಲ್ಲಿ ಆರು ಮಂದಿ. ಅದೇ ಸಾಧನ, ಅದೇ ದುಡ್ಡು, ಫಲ ಮಾತ್ರ ನಾಲ್ಕು ಪಟ್ಟು. ನಮ್ಮ ಖರೀದಿಯ ಸರದಿಯಾದರೋ ಆರರ ಲಾಭ ಇರುವಲ್ಲಿಂದ ಶುರುವಾಗುತ್ತದೆ.

ಇದು ಉಪಗುಂಪಿನ ಅಂಕಿ, ಅದರ ಮೇಲೆ ಇಷ್ಟು ಭಾರ ಹೊರಿಸಬಾರದು ಎಂದು ಸಂಖ್ಯಾಶಾಸ್ತ್ರ ಬಲ್ಲವರು ಹೇಳಬಹುದು. ಎಚ್ಚರಿಕೆ ಸರಿ. ಆದರೆ ಈ ಅಂಕಿಗೆ ಕಾರಣವೂ ಇದೆ. ನೇರವಾಗಿ ನೋಡಿ ಹಾಕಲು ಬಳಸುವ ಮ್ಯಾಕಿಂಟಾಷ್ ಬ್ಲೇಡ್ ಬಂದದ್ದು 1943ರಲ್ಲಿ. ಎಡಗೈಯಲ್ಲಿ ಬ್ಲೇಡ್ ಹಿಡಿದು, ನಾಲಿಗೆಯನ್ನು ಪಕ್ಕಕ್ಕೆ ಸರಿಸಿ, ದವಡೆಯನ್ನು ಮೇಲೆತ್ತಿ, ವೈದ್ಯರ ಕಣ್ಣು ಮತ್ತು ಧ್ವನಿತಂತುಗಳನ್ನು ಒಂದೇ ನೇರಕ್ಕೆ ತರಬೇಕು. ಆ ಹದ ಕೈಗೆ ಹತ್ತಲು ಕಾಲ ಬೇಕು. ನೂರಕ್ಕೆ ತೊಂಬತ್ತು ಬಾರಿ ಗೆಲ್ಲುವ ಮಟ್ಟಕ್ಕೆ ಬರಲು ಕನಿಷ್ಠ 50 ರೋಗಿಗಳಿಗಾದರೂ ಟ್ಯೂಬ್ ಹಾಕಿರಬೇಕು ಎಂಬುದು ಹಲವು ಅಧ್ಯಯನಗಳ ಒಟ್ಟು ಸಾರ. ಕ್ಯಾಮೆರಾ ಬ್ಲೇಡಿನ ತುದಿಯಲ್ಲೇ ಕೂತಿದ್ದರೆ ನೋಟವನ್ನು ನೇರಕ್ಕೆ ತರುವ ಕಷ್ಟ ಬಹುಪಾಲು ತಪ್ಪುತ್ತದೆ. ಮೈಸೂರಿನ ಅರಿವಳಿಕೆ ತಜ್ಞರು ಆ ಐವತ್ತನ್ನು ಎಂದೋ ದಾಟಿದ್ದಾರೆ. ತಾಲ್ಲೂಕು ಆಸ್ಪತ್ರೆಯ ರಾತ್ರಿ ಪಾಳಿಯಲ್ಲಿ ಒಬ್ಬರೇ ಇರುವ ಎಂಬಿಬಿಎಸ್ ಡ್ಯೂಟಿ ಡಾಕ್ಟರ್ ಹೌಸ್‌ಮನ್‌ಶಿಪ್‌ನಲ್ಲಿ ಬೆರಳೆಣಿಕೆಯಷ್ಟು ಹಾಕಿದ್ದರೆ ಅದೇ ದೊಡ್ಡದು.

ಈ ಭಾಗದಲ್ಲಿ ಅವರ ಮುಂದೆ ಬಂದು ಮಲಗುವವರು ಯಾರು? 2018ರ ಡಿಸೆಂಬರ್ 14ನ್ನು ನೆನೆಯೋಣ. ಹನೂರು ತಾಲ್ಲೂಕಿನ ಸುಳ್ವಾಡಿಯಲ್ಲಿ ಕಿಚ್ಚುಗುತ್ತಿ ಮಾರಮ್ಮನ ದೇವಸ್ಥಾನದ ಪ್ರಸಾದ ತಿಂದು 17 ಮಂದಿ ಸತ್ತರು, ನೂರಕ್ಕೂ ಹೆಚ್ಚು ಮಂದಿ ಆಸ್ಪತ್ರೆ ಸೇರಿದರು. ಅನ್ನಕ್ಕೆ ಬೆರೆಸಿದ್ದು ಮೊನೊಕ್ರೊಟೊಫಾಸ್ ಕೀಟನಾಶಕ. ಕಾಮಗೆರೆ, ಕೊಳ್ಳೇಗಾಲದ ಆಸ್ಪತ್ರೆಗಳಿಗೆ ತಂದವರನ್ನು ಅಲ್ಲಿಂದ ಮೈಸೂರಿಗೆ ಸಾಗಿಸಿದರು. ಸುಳ್ವಾಡಿಯಿಂದ ಮೈಸೂರು ನೂರು ಕಿಲೊಮೀಟರಿಗೂ ಹೆಚ್ಚು. ಆ ದುರಂತವನ್ನು ನಾವು ಪೊಲೀಸ್ ಪ್ರಕರಣವಾಗಿ ನೆನಪಿಟ್ಟುಕೊಂಡೆವು, ದೇವಸ್ಥಾನದ ಒಳಜಗಳವಾಗಿ ನೆನಪಿಟ್ಟುಕೊಂಡೆವು. ತುರ್ತು ಚಿಕಿತ್ಸೆಯ ಪಾಠವಾಗಿ ಓದಲೇ ಇಲ್ಲ.

ಅಂಥ ಕೀಟನಾಶಕ ಕುಡಿದವರು ಅದಕ್ಕೆ ಮೊದಲೂ ಬರುತ್ತಿದ್ದರು, ಈಗಲೂ ಬರುತ್ತಾರೆ, ಒಬ್ಬೊಬ್ಬರಾಗಿ. ಕಣ್ಣಪಾಪೆ ಸೂಜಿಮೊನೆಯಷ್ಟಾಗಿರುತ್ತದೆ. ಮೈಯೆಲ್ಲ ಬೆವರು, ಬಾಯಿಂದ ಮೂಗಿನಿಂದ ನೊರೆ. ಸಕ್ಷನ್ ಪೈಪ್ ಹಾಕಿ ಎಳೆದಷ್ಟೂ ಗಂಟಲು ಮತ್ತೆ ತುಂಬಿಕೊಳ್ಳುತ್ತದೆ. ವಿಷಕ್ಕೆ ಮದ್ದಾದ ಅಟ್ರೊಪಿನ್ ಹೋಗುತ್ತಲೇ ಇರುತ್ತದೆ. ಬೆರಳಿಗೆ ಸಿಕ್ಕಿಸಿದ ಆಕ್ಸಿಮೀಟರ್ 90ಕ್ಕಿಂತ ಕೆಳಗಿಳಿದಾಗ ಟ್ಯೂಬ್ ಹಾಕದೆ ಬೇರೆ ದಾರಿ ಇರುವುದಿಲ್ಲ.

ಇಲ್ಲೊಂದು ತೊಡಕಿದೆ, ಸಾಧನಗಳ ಚರ್ಚೆಯಲ್ಲಿ ಯಾರೂ ಎತ್ತದ್ದು. ಟ್ಯೂಬ್ ಹಾಕುವ ಮುನ್ನ ಸ್ನಾಯು ಸಡಿಲಿಸಲು ಸಾಮಾನ್ಯವಾಗಿ ಕೊಡುವ ಸಕ್ಸಿನೈಲ್‌ಕೋಲಿನ್ ಕೆಲವೇ ನಿಮಿಷಗಳಲ್ಲಿ ಕರಗುವ ಔಷಧ. ಅದನ್ನು ಕರಗಿಸುವ ಕಿಣ್ವವನ್ನೇ ಈ ಕೀಟನಾಶಕಗಳು ಕಟ್ಟಿಹಾಕುತ್ತವೆ. ಹಾಗಾಗಿ ಇಂಥ ರೋಗಿಯಲ್ಲಿ ಆ ಔಷಧದ ಪ್ರಭಾವ ಗಂಟೆಗಟ್ಟಲೆ ಉಳಿಯಬಹುದು. ಬೇರೆ ರೋಗಿಯಲ್ಲಿ ಯತ್ನ ತಪ್ಪಿದರೆ ಸ್ವಲ್ಪ ಹೊತ್ತಿಗೆ ತಾನೇ ಉಸಿರಾಡಿಯಾನು ಎಂಬ ಕ್ಷೀಣ ಆಸೆಯಾದರೂ ಇರುತ್ತದೆ. ಇಲ್ಲಿ ಅದೂ ಇಲ್ಲ. ಹನೂರಿನ ಹೊಲದ ವಿಷ ಮೊದಲ ಯತ್ನದ ಬೆಲೆಯನ್ನು ಅಮೆರಿಕದ ಯಾವ ಐಸಿಯುಗಿಂತಲೂ ಹೆಚ್ಚಿಸಿದೆ. ನೂರಕ್ಕೆ 26ರ ಲಾಭ ಇಲ್ಲೇ ಬೇಕು ಎನ್ನುವುದು ಇದಕ್ಕಾಗಿ.

ಮೊದಲ ದಿನ ಚೇತರಿಸಿಕೊಂಡವರೂ ಪಾರಾದರು ಎನ್ನುವಂತಿಲ್ಲ. ಒಂದರಿಂದ ನಾಲ್ಕು ದಿನಗಳ ನಡುವೆ ಉಸಿರಾಟದ ಸ್ನಾಯುಗಳು ಸೋಲುವುದನ್ನು ಶ್ರೀಲಂಕಾದ ವೈದ್ಯರು 1987ರಲ್ಲೇ ದಾಖಲಿಸಿದ್ದಾರೆ. ಮಾತಾಡುತ್ತಿದ್ದ ರೋಗಿಗೆ ದಿಂಬಿನಿಂದ ತಲೆ ಎತ್ತಲು ಆಗದಿದ್ದರೆ ಅದೇ ಮುನ್ಸೂಚನೆ. ಬಿಳಿಗಿರಿರಂಗನ ಬೆಟ್ಟದ ತಪ್ಪಲಲ್ಲಿ, ಮಹದೇಶ್ವರ ಬೆಟ್ಟದ ಸುತ್ತ ಕಟ್ಟುಹಾವು, ನಾಗರಹಾವು ಕಚ್ಚಿ ರೆಪ್ಪೆ ಜೋತು ಬಿದ್ದು ಬರುವವರ ಸ್ಥಿತಿಯೂ ಇಂಥದ್ದೇ. ಇವರಲ್ಲಿ ಹೆಚ್ಚಿನವರ ಶ್ವಾಸಕೋಶ ಚೆನ್ನಾಗಿಯೇ ಇರುತ್ತದೆ, ವಯಸ್ಸೂ ಚಿಕ್ಕದು. ಕೆಲವು ದಿನ ಉಸಿರು ಹಿಡಿದುಕೊಟ್ಟರೆ ನಡೆದು ಮನೆಗೆ ಹೋಗುವವರು. ‘ಮೈಸೂರಿಗೆ ಬರೆದುಕೊಟ್ಟಿದ್ದೇವೆ, ಕರೆದುಕೊಂಡು ಹೋಗಿ’ ಎನ್ನುವ ಮೊದಲೇ ಟ್ಯೂಬ್ ಹಾಕಿರಬೇಕಾದದ್ದು ಇವರಿಗೆ.

ಆಕ್ಷೇಪಗಳಿವೆ, ಗಟ್ಟಿಯಾದವೇ. 2017ರ ಫ್ರಾನ್ಸಿನ ‘ಮ್ಯಾಕ್‌ಮನ್’ ಅಧ್ಯಯನದ 371 ರೋಗಿಗಳಲ್ಲಿ ವಿಡಿಯೊಗೆ ಯಾವ ಮೇಲುಗೈಯೂ ಸಿಗಲಿಲ್ಲ: ಶೇ 67.7, ನೇರ ವಿಧಾನದಲ್ಲಿ ಶೇ 70.3. ಅಲ್ಲಿ ಟ್ಯೂಬ್ ಹಾಕಿದವರೂ ಬಹುತೇಕ ಹೊಸಬರೇ. ಹಾಗಾದರೆ ನನ್ನ ವಾದ ಬಿತ್ತೇ? ಇಲ್ಲ. ಆ ಅಧ್ಯಯನದಲ್ಲೂ ನೋಟ ಉತ್ತಮವಾಗಿತ್ತು. ಪರದೆಯ ಮೇಲೆ ಧ್ವನಿತಂತು ಕಂಡಿತು, ಟ್ಯೂಬ್ ಅಲ್ಲಿಗೆ ಹೋಗಲಿಲ್ಲ. ಟ್ಯೂಬನ್ನು ಬಾಗಿಸಿ ಹಿಡಿದಿಡುವ ಸ್ಟೈಲೆಟ್ ತಂತಿಯೊಂದರಿಂದಲೇ ಐಸಿಯು ರೋಗಿಗಳಲ್ಲಿ ಮೊದಲ ಯತ್ನದ ಗೆಲುವು ಶೇ 71.5ರಿಂದ ಶೇ 78.2ಕ್ಕೆ ಏರಿತೆಂದು ಫ್ರಾನ್ಸಿನವರೇ 2021ರಲ್ಲಿ ತೋರಿಸಿದರು. ಆದ್ದರಿಂದ ಸ್ಟೈಲೆಟ್, ಟ್ಯೂಬಿಗೆ ದಾರಿ ತೋರುವ ಬೂಜಿ ಇಲ್ಲದೆ ಕ್ಯಾಮೆರಾ ಕಳಿಸಬೇಡಿ. ‘ಮ್ಯಾಕ್‌ಮನ್’ನಿಂದ ನಾವು ಕಲಿಯಬೇಕಾದದ್ದು ಇದು.

ಎರಡನೆಯದು ಇನ್ನೂ ಗಂಭೀರ. ‘ಡಿವೈಸ್’ನಲ್ಲೇ ತೀವ್ರ ತೊಡಕುಗಳ ಪ್ರಮಾಣ ಎರಡೂ ಕಡೆ ಒಂದೇ: ಶೇ 21.4 ಮತ್ತು ಶೇ 20.9. ಟ್ಯೂಬ್ ಬೇಗ ಒಳಹೋಯಿತು, ರಕ್ತದೊತ್ತಡ ಕುಸಿಯುವುದು ತಪ್ಪಲಿಲ್ಲ. ಕ್ಯಾಮೆರಾ ರಕ್ತದೊತ್ತಡವನ್ನು ಎತ್ತಿ ಹಿಡಿಯುವುದಿಲ್ಲ, ಆಮ್ಲಜನಕವನ್ನೂ ತುಂಬುವುದಿಲ್ಲ. 2024ರ ‘ಪ್ರಿಆಕ್ಸಿ’ ಅಧ್ಯಯನದಲ್ಲಿ, ಟ್ಯೂಬಿಗೆ ಮುನ್ನ ಬಿಗಿ ಮಾಸ್ಕಿನ ಮೂಲಕ ಯಂತ್ರದ ಒತ್ತಡದಲ್ಲಿ ಆಮ್ಲಜನಕ ಕೊಟ್ಟಾಗ ಆಮ್ಲಜನಕ ಕುಸಿದದ್ದು ಶೇ 9.1 ಮಂದಿಯಲ್ಲಿ, ಸಾಧಾರಣ ಮಾಸ್ಕಿನಲ್ಲಿ ಶೇ 18.5 ಮಂದಿಯಲ್ಲಿ. ಟ್ಯೂಬ್ ಸರಿಯಾದ ನಾಳದಲ್ಲಿದೆಯೇ ಎಂದು ಹೇಳುವ ಕ್ಯಾಪ್ನೋಗ್ರಾಫ್ ಇಲ್ಲದಿದ್ದರೆ ಏನಾಗುತ್ತದೆಂದು ಬ್ರಿಟನ್ನಿನ 2011ರ ರಾಷ್ಟ್ರೀಯ ಪರಿಶೋಧನೆ ಎಚ್ಚರಿಸಿದೆ. ಒಂದಿದ್ದು ಇನ್ನೊಂದಿಲ್ಲದಿದ್ದರೆ ಸಾಲದು ಎಂಬುದನ್ನು ಈ ಜಿಲ್ಲೆಗೆ ಹೊರಗಿನವರು ಹೇಳಿಕೊಡಬೇಕಿಲ್ಲ. 2021ರ ಮೇ 2ರ ರಾತ್ರಿ ಚಾಮರಾಜನಗರದ ಜಿಲ್ಲಾಸ್ಪತ್ರೆಯಲ್ಲಿ ಹಾಸಿಗೆಗಳಿದ್ದವು, ಆಮ್ಲಜನಕ ಸಾಲದಾಯಿತು. ಆದ್ದರಿಂದ ತೊಡಕು ಕಡಿಮೆಯಾಗಲಿಲ್ಲ ಎಂಬುದು ಕ್ಯಾಮೆರಾ ತಡೆಯಲು ಕಾರಣವಲ್ಲ, ಅದನ್ನು ಒಂಟಿಯಾಗಿ ಕಳಿಸದಿರಲು ಕಾರಣ.

ನೊರೆ, ವಾಂತಿ ಮೆತ್ತಿಕೊಂಡರೆ ಕ್ಯಾಮೆರಾ ಕುರುಡಾಗುತ್ತದೆ, ವಿಡಿಯೊಗೆ ಒಗ್ಗಿದವರು ಹಳೆಯ ವಿದ್ಯೆ ಮರೆಯುತ್ತಾರೆ ಎಂಬ ಆತಂಕಗಳೂ ನಿಜ. ಎರಡಕ್ಕೂ ಪರಿಹಾರ ಒಂದೇ: ಮ್ಯಾಕಿಂಟಾಷ್ ಆಕಾರದ ಬ್ಲೇಡಿರುವ ವಿಡಿಯೊ ಸಾಧನ. ಪರದೆ ಮಸುಕಾದರೆ ಅದೇ ಬ್ಲೇಡಿನಿಂದ ಬಾಯೊಳಗೆ ನೇರವಾಗಿ ನೋಡಬಹುದು. ಕಲಿಯುವವರು ಬಾಯೊಳಗೆ ನೋಡುತ್ತಿದ್ದರೆ ಕಲಿಸುವವರು ಪರದೆಯಲ್ಲಿ ಅದನ್ನೇ ನೋಡಿ ತಿದ್ದಬಹುದು. ಹಳೆಯ ವಿದ್ಯೆಯನ್ನು ಇಷ್ಟು ಚೆನ್ನಾಗಿ ಕಲಿಸುವ ಸಾಧನ ಹಿಂದೆ ಇರಲಿಲ್ಲ.

ಬೆಲೆಯ ಮಾತಿಗೂ ಹೆಚ್ಚು ಹುರುಳಿಲ್ಲ. ಸರಳ ಮಾದರಿಗಳು ವೆಂಟಿಲೇಟರಿನ ಬೆಲೆಯ ಒಂದು ಭಾಗಕ್ಕೇ ಸಿಗುತ್ತವೆ. 2020ರಲ್ಲಿ ಪಿಎಂ ಕೇರ್ಸ್ ನಿಧಿಯಿಂದ 50,000 ವೆಂಟಿಲೇಟರುಗಳಿಗೆ 2,000 ಕೋಟಿ ರೂಪಾಯಿ ತೆಗೆದಿರಿಸಿದ ದೇಶ ನಮ್ಮದು. ಟ್ಯೂಬ್ ಹಾಕುವ ಕೈ ಇಲ್ಲದ ಕಡೆ ವೆಂಟಿಲೇಟರ್ ಇದ್ದೂ ಇಲ್ಲದಂತೆ.

ಕೈ ಪಳಗಿಸುವುದು ಅಸಾಧ್ಯವೂ ಅಲ್ಲ. ಚಾಮರಾಜನಗರದ ವೈದ್ಯಕೀಯ ಕಾಲೇಜಿನ ಶಸ್ತ್ರಚಿಕಿತ್ಸಾ ಕೊಠಡಿಗಳಿಗೆ ಮೂರೂ ತಾಲ್ಲೂಕುಗಳ ಡ್ಯೂಟಿ ಡಾಕ್ಟರುಗಳನ್ನು, ಸ್ಟಾಫ್ ನರ್ಸುಗಳನ್ನು ಪಾಳಿಯ ಮೇಲೆ ಕಳಿಸಿ, ಅರಿವಳಿಕೆ ತಜ್ಞರ ಪಕ್ಕ ನಿಂತು ಕಲಿಯುವಂತೆ ಮಾಡಬೇಕು. ಪ್ರತಿ ಬಾರಿಯೂ ಹಾಕಿದವರು ಯಾರು, ಎಷ್ಟು ಯತ್ನ, ಆಮ್ಲಜನಕ ಎಷ್ಟಕ್ಕೆ ಇಳಿಯಿತು ಎಂದು ರಿಜಿಸ್ಟರಿನಲ್ಲಿ ಬರೆಯಬೇಕು, ಜಿಲ್ಲಾ ಆರೋಗ್ಯಾಧಿಕಾರಿ ಅದನ್ನು ತಿಂಗಳಿಗೊಮ್ಮೆ ಓದಬೇಕು. ಯಳಂದೂರು ತಾಲ್ಲೂಕಿನ ಗುಂಬಳ್ಳಿ ಪ್ರಾಥಮಿಕ ಆರೋಗ್ಯ ಕೇಂದ್ರವನ್ನು 1996ರಲ್ಲಿ ಕರುಣಾ ಟ್ರಸ್ಟ್ ವಹಿಸಿಕೊಂಡು ನಡೆಸಿ ತೋರಿಸಿದೆ. ಹಳ್ಳಿಯ ಆಸ್ಪತ್ರೆಯೂ ಮಾದರಿಯಾಗಬಲ್ಲದು ಎಂಬುದಕ್ಕೆ ಸಾಕ್ಷಿ ಹುಡುಕಿಕೊಂಡು ದೂರ ಹೋಗಬೇಕಿಲ್ಲ.

ಮೈಸೂರಿನ ದೊಡ್ಡ ಆಸ್ಪತ್ರೆಯಲ್ಲಿ ಮೊದಲ ಯತ್ನ ತಪ್ಪಿದರೆ ಪಕ್ಕದ ಕೊಠಡಿಯಿಂದ ಇನ್ನೊಬ್ಬ ತಜ್ಞರು ಓಡಿ ಬರುತ್ತಾರೆ. ಹನೂರಿನ ರಾತ್ರಿ ಪಾಳಿಯ ಡಾಕ್ಟರಿಗೆ ಆ ಅನುಕೂಲ ಇಲ್ಲ, ಅವರ ಮುಂದಿರುವ ರೋಗಿಗೂ ಇಲ್ಲ. ಮುಂದಿನ ಖರೀದಿ ಆದೇಶದ ಪಟ್ಟಿ ಈ ಮೂರು ತಾಲ್ಲೂಕುಗಳಿಂದಲೇ ಶುರುವಾಗಬೇಕು. ಸಾಧನದ ಜತೆಗೆ ಸ್ಟೈಲೆಟ್, ಬೂಜಿ, ಸಕ್ಷನ್, ಕ್ಯಾಪ್ನೋಗ್ರಾಫ್ ಮತ್ತು ತರಬೇತಿಯ ದಿನಾಂಕವೂ ಅದೇ ಆದೇಶದಲ್ಲಿರಬೇಕು.